ರವಾನಿಸದೆ ಉಳಿದ ಸಂದೇಶಕ್ಕೆ ಸಮಜಾಯಿಷಿ

ಹಾನಗಲ್, ಶಿಗ್ಗಾವಿ, ಸವಣೂರು, ಹಿರೇಕೆರೂರು ತಾಲ್ಲೂಕುಗಳ ಜನರ ಫೋನಿಗೆ ಸಂದೇಶ ಕಳಿಸುವ ಹೊಣೆ ಹೊತ್ತ ಅಧಿಕಾರಿಗಳಿಗೆ,

ಮಾನ್ಯರೇ,

ನಿಮ್ಮ ಸಂದೇಶವನ್ನು ನಾನು ಮುಂದಕ್ಕೆ ಕಳಿಸಿಲ್ಲ. ಕಳಿಸುವುದೂ ಇಲ್ಲ. "ರವಾನಿಸದಿರಲು ಕಾರಣವೇನು? ಕೂಡಲೇ ಸಮಜಾಯಿಷಿ ನೀಡತಕ್ಕದ್ದು" ಎಂದು ನನ್ನ ಫೋನಿಗೆ ಕೇಳಿದ್ದೀರಿ. ಕೊಡೋಣವೆಂದು ಕುಳಿತರೆ ಅದರ ಕೆಳಗೇ "ಈ ಸಂಖ್ಯೆಗೆ ಉತ್ತರಿಸಲಾಗುವುದಿಲ್ಲ" ಎಂದು ಸಣ್ಣ ಅಕ್ಷರದಲ್ಲಿದೆ. ಬಾಯಿ ಮಾತ್ರ ಇದ್ದು ಕಿವಿಯೇ ಇಲ್ಲದ ನಂಬರಿಗೆ ಉತ್ತರ ಕೊಡುವ ವಿದ್ಯೆಯನ್ನು ನಿಮ್ಮ ತರಬೇತಿಯಲ್ಲಿ ಹೇಳಿಕೊಟ್ಟಿರಲಿಲ್ಲ. ಹಾಗಾಗಿ ಪತ್ರಿಕೆಗೆ ಬರೆಯುತ್ತಿದ್ದೇನೆ. ತಮ್ಮ ಹೆಸರು ಅಚ್ಚಾದ ದಿನ ಮಾತ್ರ ಅಧಿಕಾರಿಗಳು ಪತ್ರಿಕೆ ಓದುತ್ತಾರೆಂದು ಕೇಳಿದ್ದೇನೆ. ಇಲ್ಲಿ ನಿಮ್ಮ ಹೆಸರಿಲ್ಲ, ಆದರೂ ಓದಿ.

ನಾನು ಯಾರೆಂದು ನಿಮಗೆ ಗೊತ್ತಿರಲಿಕ್ಕಿಲ್ಲ. ಶಿಗ್ಗಾವಿಯಿಂದ ದುಂಡಸಿ ಬಸ್ಸು ಹತ್ತಿದರೆ ದುಂಡಸಿಗಿಂತ ಮುಂಚೆಯೇ ಇಳಿಯಬೇಕಾದ ಒಂದು ಊರಿನಲ್ಲಿ ಹೊಲಿಗೆ ಮಷಿನ್ ಇಟ್ಟುಕೊಂಡು ಬದುಕುತ್ತಿರುವವಳು. ಕುಬಸ, ಶಾಲೆ ಮಕ್ಕಳ ಸಮವಸ್ತ್ರ, ಹರಿದ ಚೀಲದ ಜಿಪ್ಪು, ಇವು ನನ್ನ ಕಾರ್ಯಕ್ಷೇತ್ರ. ಬಿ.ಎ. ಮುಗಿಸಿದ್ದೇನೆ. ನಾನು ಸರ್ಕಾರಿ ನೌಕರಳಲ್ಲ, ಗುತ್ತಿಗೆಯವಳೂ ಅಲ್ಲ, ಯಾವ ಹುದ್ದೆಗೂ ಅರ್ಜಿ ಹಾಕಿದವಳಲ್ಲ. ಆದರೂ ಒಂದು ದಿನ ಫೋನ್ ಟಿಣ್ ಎಂದಿತು: "ಅಭಿನಂದನೆಗಳು! ತಾವು ಗ್ರಾಮ ಸಂದೇಶ ಸಂಯೋಜಕಿಯಾಗಿ ಆಯ್ಕೆಯಾಗಿದ್ದೀರಿ." ಕೇಳದೆ ಬಂದ ಅಭಿನಂದನೆಯೆಂದರೆ ಮೋಸದವರದ್ದೇ ಇರಬೇಕೆಂದು ಅಳಿಸಿಹಾಕಿದೆ. ಮತ್ತೆ ಬಂತು, ಮತ್ತೆ ಅಳಿಸಿದೆ. ಕೊನೆಗೆ ಪಂಚಾಯ್ತಿಯವರು ಮನೆಗೇ ಹೇಳಿ ಕಳಿಸಿದರು. ಮೋಸವಲ್ಲ, ನಿಜವಾಗಿಯೂ ಸರ್ಕಾರದ್ದೇ ಎಂದು ಖಾತ್ರಿಯಾಯಿತು.

ಶಿಗ್ಗಾವಿಯಲ್ಲಿ ನಡೆದ ತರಬೇತಿಯನ್ನು ಮರೆಯುವಂತಿಲ್ಲ. ಸಂದೇಶದ ಮೇಲೆ ಬೆರಳು ಒತ್ತಿ ಹಿಡಿಯಬೇಕು, ಬಾಣದ ಗುರುತು ಬರುತ್ತದೆ, ಬಾಣ ಒತ್ತಬೇಕು, ಹೆಸರು ಆರಿಸಬೇಕು, ಕಳಿಸಬೇಕು. ಇಷ್ಟನ್ನು ಹೇಳಲು ಬೆಳಿಗ್ಗೆಯಿಂದ ಊಟದ ಹೊತ್ತಿನವರೆಗೆ ಭಾಷಣವಾಯಿತು. ನಮ್ಮಲ್ಲಿ ಎರಡನೇ ತರಗತಿಯ ಮಕ್ಕಳು ಇದನ್ನು ಕಣ್ಣು ಮುಚ್ಚಿ ಮಾಡುತ್ತಾರೆ. ಕಷ್ಟಪಟ್ಟು ಕಲಿತವರು ವೇದಿಕೆಯ ಮೇಲಿದ್ದವರೇ ಇರಬೇಕು. ಅವರ ಫೋನಿನಿಂದ ಬಾಣ ಹೊರಡಲೇ ಇಲ್ಲ. ನೆಟ್‌ವರ್ಕ್ ಇಲ್ಲ ಎಂದರು. ನಾವೆಲ್ಲ ಚಪ್ಪಾಳೆ ತಟ್ಟಿದೆವು.

ಆಮೇಲೆ ಶುರುವಾಯಿತು ನಿಮ್ಮ ಮಳೆ. ಹಿರೇಕೆರೂರಿಗೆ ಹೋಗಬೇಕಿದ್ದ "ನಾಳೆ ಕರೆಂಟಿಲ್ಲ" ಎಂಬ ಸುದ್ದಿ ಊರ ಹೆಸರಿಲ್ಲದೆ ನಮಗೆ ಬಂತು. ನಾನು ವಿಧೇಯಳಾಗಿ ರವಾನಿಸಿದೆ. ಊರಿಗೆ ಊರೇ ಹಿಟ್ಟಿನ ಗಿರಣಿಯ ಮುಂದೆ ಜೋಳದ ಡಬ್ಬಿ ಹಿಡಿದು ನಿಂತಿತು. ಮರುದಿನ ಕರೆಂಟು ಎಂದಿಗಿಂತ ಚೆನ್ನಾಗಿತ್ತು. ಹಾನಗಲ್ಲಿನ ದನಗಳಿಗೆ ಲಸಿಕೆ ಇದ್ದ ದಿನ ನಮ್ಮೂರಿನ ಎಮ್ಮೆಗಳು ಪಂಚಾಯ್ತಿ ಕಟ್ಟೆಯ ಮುಂದೆ ಸಾಲಾಗಿ ನಿಂತು ಸಂಜೆಗೆ ಮನೆಗೆ ಮರಳಿದವು. ತಿದ್ದುಪಡಿ ಮೊದಲು ಬಂದು, ತಿದ್ದಬೇಕಾದ ಸಂದೇಶ ಆಮೇಲೆ ಬಂದದ್ದೂ ಉಂಟು. ಬೈಗುಳ ಮಾತ್ರ ಎಂದೂ ದಾರಿ ತಪ್ಪಲಿಲ್ಲ, ನೇರವಾಗಿ ನನಗೇ ಬಂತು. "ಯಾಕವಾ, ನಳಾ ಯಾಕ ಬಂದ್ ಮಾಡೀದಿ?" ಎಂದು ಕೇಳುವವರಿಗೆ, ನೀರು ನಿಲ್ಲಿಸಿದವಳು ನಾನಲ್ಲ, ಸುದ್ದಿ ಕಳಿಸಿದವಳಷ್ಟೇ ಎಂದು ಎಷ್ಟು ಸಲ ಹೇಳಲಿ? ನೀವು ಆದೇಶ ಕೊಡುವವರು, ಅವರು ಆದೇಶ ಕೇಳುವವರು, ನಡುವೆ ಬೈಸಿಕೊಳ್ಳಲು ಒಬ್ಬರು ಬೇಕಿತ್ತು.

ಆ ಒಬ್ಬಳು ನಾನೇ ಏಕೆ ಆದೆ? ಊರಲ್ಲಿ ಸ್ಮಾರ್ಟ್‌ಫೋನಿಗೇನು ಬರವೇ? ಕಾರಣವನ್ನು ನನಗೆ ಹೇಳಿದವರು ಬಸ್‌ಸ್ಟ್ಯಾಂಡಿನ ಹತ್ತಿರ ಪಂಕ್ಚರ್ ಅಂಗಡಿ ಇಟ್ಟಿರುವ ಕರೀಮಸಾಬರು. ಆಯ್ಕೆ ನಡೆದ ಸಭೆಯಲ್ಲಿ ಅವರಿದ್ದರು. ನಾನಿರಲಿಲ್ಲ, ನನಗೆ ಯಾರೂ ಹೇಳಿರಲಿಲ್ಲ. ನಿಮ್ಮ ಪ್ರತಿನಿಧಿ ಬಂದು, ಫೋನ್ ಚೆನ್ನಾಗಿ ಬಲ್ಲವರ ಹೆಸರು ಕೊಡಿ ಎಂದರಂತೆ. ಊರಿನ ಹಿರಿಯರಾದ ಉಳವಪ್ಪನವರ ಮೊಮ್ಮಗ ಮೃತ್ಯುಂಜಯ ಎರಡು ಫೋನ್ ಹಿಡಿದು ಅಲ್ಲೇ ಕುಳಿತಿದ್ದ. ಉಳವಪ್ಪನವರು ಹೇಳಿದರಂತೆ:

"ನಮ್ಮ ಹುಡುಗಗ ಎಲ್ಲಿ ಪುರಸೊತ್ತ ಐತ್ರಿ? ಮಾರೆಪ್ಪನ ಮಗಳಿಗೆ ಹಚ್ರಿ. ಸಾರೂದು ಅವರ ಮನಿತನದ ಕೆಲಸ. ಆಕೀಗೆ ಯಾರೂ ಕಲಸೂದ ಬ್ಯಾಡ."

ನಮ್ಮ ಜಾತಿಯ ಹೆಸರನ್ನು ಯಾರೂ ಎತ್ತಲಿಲ್ಲವಂತೆ. ಎತ್ತುವ ಅಗತ್ಯವೇ ಬೀಳಲಿಲ್ಲ. ನಿಮ್ಮ ಪ್ರತಿನಿಧಿ ತಲೆಯಾಡಿಸಿ ನನ್ನ ನಂಬರನ್ನು ಒತ್ತಿಕೊಂಡರು, ಚಹಾ ಬಂತು, ಸಭೆ ಮುಗಿಯಿತು. ಹಿಂದೆ ಈ ಚಾಕರಿ ನಮ್ಮ ಕೇರಿಯ ಗಂಡಸರಿಗೆ ಮಾತ್ರ ಇತ್ತು. ಅದನ್ನು ಹೆಣ್ಣುಮಕ್ಕಳಿಗೂ ದೊರಕಿಸಿಕೊಟ್ಟ ಕೀರ್ತಿ ನಿಮ್ಮ ಕಚೇರಿಯದು. ಸಮಾನತೆ ಎಂದರೆ ಇದೇ ಇರಬೇಕು.

ಈಗ ನನ್ನ ಅಪ್ಪನ ಬಗ್ಗೆ ಹೇಳಬೇಕು. ಊರೆಲ್ಲ ಅವರನ್ನು ಏಕವಚನದಲ್ಲಿ ಕರೆಯುತ್ತದೆ, ಈ ಪತ್ರದಲ್ಲಾದರೂ ಬಹುವಚನ ಇರಲಿ. ಅಪ್ಪ ಹಲಗೆ ಬಾರಿಸುತ್ತ ಓಣಿ ಓಣಿಗೆ ಸುದ್ದಿ ಸಾರುತ್ತಿದ್ದರು. ತೆರಿಗೆ ಕಟ್ಟಿ, ಲಿಲಾವು ಇದೆ, ಕಳೆದ ಎತ್ತು ಸಿಕ್ಕಿದೆ, ಪೋಲಿಯೋ ಹನಿ ಹಾಕಿಸಿ. ನಮ್ಮ ಮನೆಯಲ್ಲಿ ಬುದ್ಧನ ಫೋಟೋ ಇತ್ತು, ಮಗಳಿಗೆ ಸಂಘಮಿತ್ರಾ ಎಂದು ಹೆಸರಿಟ್ಟಿದ್ದರು. ಆದರೂ ಊರು ಅವರ ಕೈಯಿಂದ ಹಲಗೆ ಬಿಡಿಸಿರಲಿಲ್ಲ. ನಾನು ಐದನೇ ತರಗತಿಯಲ್ಲಿದ್ದಾಗ ಒಂದು ದಿನ ಮಧ್ಯಾಹ್ನದ ಊಟದ ಹೊತ್ತಿಗೆ ಅವರು ಶಾಲೆಯ ಮುಂದೆ ಸಾರುತ್ತ ಹೋದರು. ಹುಡುಗರೆಲ್ಲ ಊಟದ ತಾಟು ಬಡಿಯುತ್ತ ನನ್ನ ಸುತ್ತ ಅದೇ ದನಿಯಲ್ಲಿ ಕೂಗಿದರು. ಮನೆಗೆ ಬಂದು, "ನಾ ನಾಳಿಂದ ಸಾಲಿಗೆ ಹೋಗೂದಿಲ್ಲ" ಎಂದು ಅತ್ತೆ. ಮರುದಿನ ಬೆಳಿಗ್ಗೆ ಅಪ್ಪ ಪಂಚಾಯ್ತಿಗೆ ಹೋಗಿ, "ಇನ್ನ ಮ್ಯಾಲ ನಾ ಸಾರೂದಿಲ್ರಿ. ನನ್ನ ಮಗಳು ಸಾಲಿಗೆ ಹೋಗ್ತಾಳ" ಎಂದು ಹೇಳಿ ಬಂದರು. ಒಂದಷ್ಟು ದಿನ ಊರು ಮುಖ ಗಂಟು ಹಾಕಿಕೊಂಡಿತ್ತು, ಆಮೇಲೆ ಮೈಕ್ ತಂದಿತು. ವರ್ಷಗಟ್ಟಲೆ ಮೈಕೇ ಸಾರಿತು. ಮೈಕಿಗೆ ಜಾತಿ ಇರಲಿಲ್ಲ, ಅದನ್ನು ಯಾರು ಬೇಕಾದರೂ ಹಿಡಿಯುತ್ತಿದ್ದರು. ನಿಮ್ಮ ಸಂದೇಶ ಸೇವೆ ಬಂದ ಮೇಲೆ ಅದು ಪಂಚಾಯ್ತಿಯ ಮೂಲೆಯಲ್ಲಿ ಧೂಳು ತಿನ್ನುತ್ತಿದೆ.

ಬೆರಳು ಒತ್ತುವ ಕೆಲಸವಷ್ಟೇ ಆಗಿದ್ದರೆ ನಾನು ಬಾಯಿ ಮುಚ್ಚಿಕೊಂಡು ಇರುತ್ತಿದ್ದೆನೇನೋ. ಆದರೆ ನಿಮ್ಮ ಎರಡನೇ ಆದೇಶ ಬಂತು: "ಸ್ಮಾರ್ಟ್‌ಫೋನ್ ಇಲ್ಲದ ಮನೆಗಳಿಗೆ ಸಂಯೋಜಕರು ಖುದ್ದಾಗಿ ತೆರಳಿ ಸಂದೇಶ ತಲುಪಿಸತಕ್ಕದ್ದು." ಸ್ವಾಮಿ, ಫೋನಿನ ಸಂದೇಶವನ್ನು ಕಾಲಿನ ಮೇಲೆ ಕಳಿಸುವ ಈ ತಂತ್ರಜ್ಞಾನವನ್ನು ಎಲ್ಲಿಂದ ತಂದಿರಿ? ಮಷಿನ್ ನಿಲ್ಲಿಸಿ ಹೊರಟೆ. ಉಳವಪ್ಪನವರ ಮನೆಯಲ್ಲಿ ಅವರ ಹೆಂಡತಿ ವೀರವ್ವ ಕಟ್ಟೆಯ ಮೇಲೆ ಕುಳಿತಿದ್ದರು. ಮೊಮ್ಮಗನ ಎರಡು ಫೋನಿನಲ್ಲಿ ಒಂದೂ ಅಜ್ಜಿಗೆ ಸುದ್ದಿ ಹೇಳುವುದಿಲ್ಲ. ನಾನು ಮೆಟ್ಟಿಲ ಹತ್ತಿರ ಹೋಗುತ್ತಿದ್ದಂತೆ ಕೈ ಎತ್ತಿ ಹೇಳಿದರು:

"ಅಲ್ಲೇ ನಿಂತ ಹೇಳವಾ, ನನಗ ಕೇಳಸ್ತೈತಿ."

ಅವರು ಕೆಟ್ಟವರಲ್ಲ. ಮಾತು ಪ್ರೀತಿಯದೇ ಆಗಿತ್ತು, "ಉಂಡಿಯೇನವಾ" ಎಂದೂ ಕೇಳಿದರು. ನಾನು ಹೊಲಿದ ಕುಬಸ ಅವರ ಮೈಮೇಲಿತ್ತು, ನಾನು ಅಂಗಳದಲ್ಲಿದ್ದೆ. ಕುಬಸ ಒಯ್ಯಲು ಅವರ ಮನೆಯ ಆಳು ನಮ್ಮಲ್ಲಿಗೆ ಬರುತ್ತಾನೆ, ಹಾಗಾಗಿ ಆ ಮೆಟ್ಟಿಲ ಮುಂದೆ ನಿಲ್ಲುವ ಪ್ರಸಂಗ ನನಗೆ ಬಂದಿರಲಿಲ್ಲ. ಅದನ್ನು ಒದಗಿಸಿಕೊಟ್ಟವರು ನೀವು. ಸುದ್ದಿ ಹೇಳಿ ಬಂದೆ. ಎಷ್ಟು ಅವಮಾನವಾಯಿತೆಂದರೆ ಮನೆಗೆ ಬಂದವಳೇ ಹೊಲಿದಿದ್ದ ಹೊಲಿಗೆಯನ್ನೇ ಬಿಚ್ಚುತ್ತ ಕುಳಿತೆ.

ಅವ್ವ ಕೆದಕಿ ಕೆದಕಿ ಕೇಳಿದ ಮೇಲೆ ಹೇಳಿದೆ. ಒಳಗಿದ್ದ ಅಪ್ಪ ಕೇಳಿಸಿಕೊಂಡರು. ಮುಂದಿನ ಸಂದೇಶ ಬಂದಾಗ ನಾನು ಏಳುವ ಮೊದಲೇ ಅವರು ಎದ್ದು ನಿಂತಿದ್ದರು.

"ನೀ ಹೋಗಬ್ಯಾಡ. ಏನ ಐತಿ ಹೇಳು, ನಾ ಹೇಳಿ ಬರ್ತೇನಿ. ನನಗ ರೂಢಿ ಐತಿ."

"ಅಪ್ಪಾ, ಅದು ನನ್ನ ಹೆಸರಿಗೆ ಬಂದೈತಿ."

"ನಿನ್ನ ಹೆಸರಿಗೆ ಬಂದದ್ದಲ್ಲವಾ ಅದು. ನನ್ನ ಹೆಸರಿಗೆ ಬಂದದ್ದು."

"ತಾಂತ್ರಿಕ ಕಾರಣಗಳಿಂದ ನಾಳೆ ನೀರು ಸರಬರಾಜಿನಲ್ಲಿ ವ್ಯತ್ಯಯ ಉಂಟಾಗಲಿದ್ದು ಸಾರ್ವಜನಿಕರು ಸಹಕರಿಸಬೇಕು" ಎಂಬ ನಿಮ್ಮ ಸಂದೇಶವನ್ನು ನಾನು ಓದಿದೆ. ಅಪ್ಪ ಓಣಿಗೆ ಹೋಗಿ ಹಲಗೆಯಿಲ್ಲದೆ ಬರಿ ದನಿಯಲ್ಲೇ ಕೂಗಿದರು: "ಕೇಳ್ರಪ್ಪೋ ಕೇಳ್ರಿ, ನಾಳಿ ನಳಕ್ಕ ನೀರ ಬರೂದಿಲ್ಲ, ಇವತ್ತ ತುಂಬಿ ಇಟ್ಕೊಳ್ರಿ!" ಜನ ಬಾಗಿಲಿಗೆ ಬಂದು ನಿಂತರು. ಮಾರೆಪ್ಪನ ದನಿ ಕೇಳಿ ಎಷ್ಟು ವರ್ಷವಾಗಿತ್ತು ಎಂದು ಖುಷಿಪಟ್ಟರು. ಕರೀಮಸಾಬರು ಮಾತ್ರ ತಲೆ ಎತ್ತದೆ ಟ್ಯೂಬು ತಿಕ್ಕುತ್ತಿದ್ದರಂತೆ. ನಾನು ಮಷಿನ್ನಿನ ಸದ್ದು ಜೋರು ಮಾಡಿದರೂ ಆ ಕೂಗು ಕೇಳುತ್ತಲೇ ಇತ್ತು. ನನಗಾಗಿ ಬಿಟ್ಟ ಕೆಲಸವನ್ನು ಅವರು ನನಗಾಗಿಯೇ ಮತ್ತೆ ಹಿಡಿದಿದ್ದರು. ನಿಮ್ಮ ಮೇಲೆ ಸಿಟ್ಟು ಬಂತು.

ಅಪ್ಪ ಕೂಗಿದ್ದನ್ನು ನಿಮ್ಮ ಪ್ರತಿನಿಧಿ ವಿಡಿಯೋ ಮಾಡಿಕೊಂಡು ಹೋಗಿದ್ದಾರೆ. ವಾರದೊಳಗೆ ಬಂತು ನೀವು ಈಗ ಲೆಕ್ಕ ಕೇಳುತ್ತಿರುವ ಸಂದೇಶ: "ಪರಂಪರೆ ಮತ್ತು ತಂತ್ರಜ್ಞಾನದ ಅಪೂರ್ವ ಸಂಗಮ! ಶ್ರೀ ಮಾರೆಪ್ಪ ಇವರನ್ನು ಸಮಾರಂಭದಲ್ಲಿ ಸನ್ಮಾನಿಸಿ ಹೊಸ ಹಲಗೆ ನೀಡಲಾಗುವುದು. ನಾಲ್ಕೂ ತಾಲ್ಲೂಕುಗಳಲ್ಲಿ ಹಿಂದೆ ಡಂಗುರ ಸಾರುತ್ತಿದ್ದ ಮನೆತನಗಳನ್ನು ಗುರುತಿಸಿ ಹೆಸರು, ಮೊಬೈಲ್ ಸಂಖ್ಯೆ ಕಳಿಸತಕ್ಕದ್ದು. ಈ ಸಂದೇಶವನ್ನು ಎಲ್ಲರಿಗೂ ರವಾನಿಸಿ."

ಇದನ್ನೂ ನನ್ನ ಕೈಯಿಂದಲೇ ಕಳಿಸಬೇಕೇ? ಹಿರೇಬೆಂಡಿಗೇರಿಯಲ್ಲಿ ಗೂಡ್ಸ್ ಗಾಡಿ ಓಡಿಸುವ ಹುಡುಗನೊಬ್ಬ, ಸವಣೂರಿನಲ್ಲಿ ನರ್ಸಿಂಗ್ ಓದುವ ಹುಡುಗಿಯೊಬ್ಬಳು, ಹಾನಗಲ್ಲಿನಲ್ಲಿ ಚಹಾದಂಗಡಿ ಇಟ್ಟವನೊಬ್ಬ ಇರಬಹುದು. ಅವರ ಅಪ್ಪಂದಿರೂ ಒಂದು ದಿನ ಹಲಗೆ ಕೆಳಗಿಟ್ಟು ಮಕ್ಕಳನ್ನು ಶಾಲೆಗೆ ಕಳಿಸಿರಬಹುದು. ಊರು ಈಗಷ್ಟೇ ಮರೆಯುತ್ತಿರುವುದನ್ನು ನೀವು ಹುಡುಕಿ ತೆಗೆದು, ನಂಬರು ಹಾಕಿ ಕಂಪ್ಯೂಟರಿನಲ್ಲಿ ಕೂಡಿಸಿಡುತ್ತೀರಿ. ಉಳವಪ್ಪನವರು ಬಾಯಿಮಾತಿನಲ್ಲಿ ಹೇಳಿದ್ದನ್ನು ಸರ್ಕಾರಿ ಆದೇಶ ಮಾಡುತ್ತಿದ್ದೀರಿ. ನಿಮಗೆ ಇದು ತಿಳಿಯದೆ ಆಗಿದೆ ಎಂದು ನಂಬಲು ನಾನು ಸಾಕಷ್ಟು ಪ್ರಯತ್ನಿಸಿದೆ. ಆಗಲಿಲ್ಲ.

ಸನ್ಮಾನದ ಸುದ್ದಿಯನ್ನು ಅಪ್ಪನಿಂದ ಮುಚ್ಚಿಡಲಿಲ್ಲ. ಅವರ ಮುಖ ಅರಳಿತು, ಸುಳ್ಳು ಹೇಳುವುದಿಲ್ಲ. ಅವರನ್ನು ಇದುವರೆಗೆ ಯಾರೂ ಯಾವುದಕ್ಕೂ ವೇದಿಕೆಗೆ ಕರೆದಿಲ್ಲ.

"ಶಾಲು ಹಾಕ್ತಾರಂತೇನು?" ಎಂದರು.

ಒಲೆಯ ಮುಂದಿದ್ದ ಅವ್ವ ಶೇಖವ್ವ ತಿರುಗಿಯೂ ನೋಡದೆ ಹೇಳಿದಳು: "ಹಾಕ್ತಾರ. ಒಂದ ಕೈಲೆ ಶಾಲು ಹಾಕ್ತಾರ, ಇನ್ನೊಂದ ಕೈಲೆ ಹಲಗಿ ಕೊಡ್ತಾರ."

ಅಪ್ಪ ನನ್ನ ಕಡೆ ತಿರುಗಿ ಹೇಳಿದರು: "ಹಂಗಾರ ಆ ಸನ್ಮಾನ ಬ್ಯಾಡಂತ ಬರದ ಬಿಡು. ಆದ್ರ ನಿನ್ನ ಹೆಸರ ಅಲ್ಲಿಂದ ತಗಿಯೂ ಮಟಾ ನಾನ ಹೋಗ್ತೇನಿ. ನೀ ಯಾರ ಅಂಗಳದಾಗೂ ನಿಂದರಬ್ಯಾಡ."

ಹೀಗಿದೆ ಸಮಜಾಯಿಷಿ. ನನ್ನ ಹೆಸರು ನಿಮ್ಮಲ್ಲಿ ಇರುವವರೆಗೆ ಈ ವಯಸ್ಸಿನಲ್ಲಿ ನನ್ನ ಅಪ್ಪ ಓಣಿ ಓಣಿ ಕೂಗುತ್ತ ತಿರುಗುತ್ತಾರೆ. ನಾನು ಬೇಡವೆಂದರೆ ಕೇಳುವವರಲ್ಲ. ಆದ್ದರಿಂದ ನನ್ನ ಸಂಖ್ಯೆಯನ್ನು ತೆಗೆಯಿರಿ. ಮನೆತನ ಹುಡುಕುವ ಆದೇಶವನ್ನು ನಾಲ್ಕೂ ತಾಲ್ಲೂಕುಗಳಲ್ಲಿ ರದ್ದು ಮಾಡಿ. ಸುದ್ದಿ ಹೇಳಲು ಜನ ಬೇಕೇ ಬೇಕೆಂದಿದ್ದರೆ ಊರಿನ ಎಲ್ಲ ಮನೆಗಳಿಗೂ ಪಾಳಿ ಹಚ್ಚಿ. ಮೊದಲ ಪಾಳಿ ಎರಡು ಫೋನಿನ ಮೃತ್ಯುಂಜಯನದ್ದಾಗಲಿ. ಪುರಸೊತ್ತಿಲ್ಲ ಎಂದರೆ ಮೈಕಿನ ಧೂಳು ಒರೆಸಿಕೊಡಿ.

ಒಂದು ವಿನಂತಿ. ನಿಮ್ಮ ಒಪ್ಪಿಗೆಯನ್ನು ಸಂದೇಶದಲ್ಲಿ ಕಳಿಸಬೇಡಿ. ಅದನ್ನು ಅಪ್ಪನಿಗೆ ಓದಿ ಹೇಳುವ ಕೆಲಸವೂ ನನಗೇ ಬೀಳುತ್ತದೆ. ನೀವೇ ಬನ್ನಿ. ಬಾಗಿಲು ಸಣ್ಣದು, ಸ್ವಲ್ಪ ಬಗ್ಗಿ ಒಳಗೆ ಬನ್ನಿ, ಅಪ್ಪನ ಪಕ್ಕದಲ್ಲಿ ಕುಳಿತು, "ಮಾರೆಪ್ಪನವರೇ, ಇನ್ನು ನೀವು ಹೋಗುವುದು ಬೇಡ" ಎಂದು ಹೇಳಿ. ಅವ್ವ ಚಹಾ ಕೊಡುತ್ತಾಳೆ. ನಮ್ಮ ಮನೆಯ ಕಪ್ಪಿನಲ್ಲಿ ಆ ಚಹಾ ಕುಡಿದು ಹೋಗಿ. ಆ ಒಂದು ಸುದ್ದಿಯನ್ನು ನಾಲ್ಕೂ ತಾಲ್ಲೂಕುಗಳಿಗೆ ನಾನೇ ರವಾನಿಸುತ್ತೇನೆ, ಯಾರೂ ಹೇಳಬೇಕಾಗಿಲ್ಲ.

ಇಂತಿ,
ನಿಮ್ಮ ಕಂಪ್ಯೂಟರಿನಲ್ಲಿ ಸಂಯೋಜಕಿ, ಊರಿನ ಬಾಯಲ್ಲಿ ಮಾರೆಪ್ಪನ ಮಗಳು,
ಹೊಲಿಗೆ ಮಾಡಿಕೊಂಡು ಸುಮ್ಮನಿರಬೇಕೆಂದಿದ್ದ
ಸಂಘಮಿತ್ರಾ