ಭಾನುವಾರ ಹಾರಿಸಿದ ಹಾಡು

ಜೂನ್ 3, ಮಂಗಳವಾರ
ಅದೇ ಪಿಕ್ಚರ್, ಎರಡನೇ ವಾರ. ಟಿಕೆಟ್ ಹರಿದೆ, ಟಾರ್ಚ್ ಹಿಡಿದೆ, ಗೋಡೆಗೆ ಒರಗಿ ಮತ್ತೆ ನೋಡಿದೆ. ಕಳ್ಳತನದ ಸುಳ್ಳು ಆರೋಪ ಹೊರಿಸಿದ ಧಣಿಯ ಮನೆಗೇ ಹೀರೋ ಅಂಟಿಸಿಕೊಂಡ ಮೀಸೆಯಲ್ಲಿ ಸೇರಿಕೊಳ್ಳುತ್ತಾನೆ. ವರ್ಷಗಟ್ಟಲೆ ದುಡಿಸಿಕೊಂಡ ಧಣಿಗೆ ಗುರುತು ಸಿಗುವುದಿಲ್ಲ. ನಾಯಿಗೂ ಸಿಗುವುದಿಲ್ಲ. ಥೂ. ಜನ ಶಿಳ್ಳೆ ಹೊಡೆಯುತ್ತಾರೆ. ಹೈಸ್ಕೂಲು ಬಿಟ್ಟ ನನಗೇ ನಾಚಿಕೆ.

ಅಣ್ಣ ಮಾತ್ರ ಕಣ್ಣು ಮಿಟುಕಿಸದೆ ಕೂತಿದ್ದ. ಮತ್ತೆ. ಗ್ಯಾರೇಜಿನ ಯಜಮಾನ ಬ್ಯಾಟರಿಗಳನ್ನು ತಾನೇ ಮಾರಿಕೊಂಡು, ಕಳ್ಳತನ ಅಣ್ಣನ ತಲೆಗೆ ಕಟ್ಟಿ ಹೊರಹಾಕಿದ. ಅದು ನಿಜ. ಆದರೆ ಈಗ ಇವನು ಮೀಸೆ ಬೇರೆ ಬಿಡುತ್ತಿದ್ದಾನೆ…

ಜೂನ್ 8, ಭಾನುವಾರ
ಹೌಸ್‌ಫುಲ್. ಒಂದು ಶೋ ಹೆಚ್ಚು. ಟೈಮ್ ಹೊಂದಿಸಲು ಆಪರೇಟರ್ ಎಲ್ಲ ಭಾನುವಾರದಂತೆ ಇಂದೂ ತಾಯಿಯ ಹಾಡು ಹಾರಿಸಿದ. ಹಾಡೆಲ್ಲಿ ಎಂದು ಯಾರೂ ಕೇಳಲಿಲ್ಲ.

ಅಣ್ಣ ಬರಲಿಲ್ಲ.

ಜೂನ್ 10
ಭಾನುವಾರ ಮಧ್ಯಾಹ್ನ ಗ್ಯಾರೇಜಿನ ಕಾರುಗಳ ಇಂಜಿನ್ನಿಗೆ ಯಾರೋ ಮರಳು ಸುರಿದಿದ್ದಾರೆ. ಯಜಮಾನನದ್ದು ಒಂದೂ ಅಲ್ಲ, ಎಲ್ಲ ಗಿರಾಕಿಗಳದ್ದು. ಎಂಥಾ ಸೇಡು. ಪೊಲೀಸರು ವಾಚ್‌ಮನ್ ತಾತನನ್ನು ಎಳೆದುಕೊಂಡು ಹೋದರು — ಕೀಲಿ ಅವನ ಹತ್ತಿರ ಇತ್ತಲ್ಲ.

ಅಣ್ಣ ಬಚ್ಚಲಲ್ಲಿ ಉಗುರು ತಿಕ್ಕುತ್ತಿದ್ದ. "ನಾನು ಪಿಕ್ಚರಲ್ಲಿದ್ದೆ ಅಂತ ಹೇಳ್ಬಿಡೋ. ನಿನ್ ಗಂಟೇನು ಹೋಗುತ್ತೆ?"

"ತಾತನ್ದು ಹೋಗುತ್ತೆ."

"ದೊಡ್ಡ ಸತ್ಯವಂತ. ಕಾಪಿ ಹೊಡ್ದಿದ್ರೆ ಪಾಸಾದ್ರೂ ಆಗ್ತಿದ್ದೆ."

ಜೂನ್ 11, ಸಂಜೆ
ಇನ್‌ಸ್ಪೆಕ್ಟರ್ ಮನೆಗೆ ಬಂದ. ಕೇಳುವ ಮೊದಲೇ ಅಣ್ಣ ಪಿಕ್ಚರಿನ ಇಡೀ ಕಥೆ ಒಪ್ಪಿಸಿದ. ಭಾನುವಾರ ತಾಯಿಯ ಹಾಡಿಗೆ ಅತ್ತನಂತೆ. ಎರಡು ಸಾಲು ಹಾಡಿಯೂ ತೋರಿಸಿದ. ದಡ್ಡ ಶಿಖಾಮಣಿ. ನಾಳೆ ಥಿಯೇಟರಿನಲ್ಲಿ ನನ್ನನ್ನು ಕೇಳುತ್ತೇನೆಂದು ಇನ್‌ಸ್ಪೆಕ್ಟರ್ ಹೋದ.

ಅಮ್ಮ, "ನಿಂಗಿರೋನು ಅವನೊಬ್ನೇ ಅಣ್ಣ" ಅಂದಳು. ಅಷ್ಟೇ.

ಜೂನ್ 12
ಇನ್‌ಸ್ಪೆಕ್ಟರ್ ಟೀ ಕುಡಿದ. ಹಾಡಿನ ಮಾತೇ ಎತ್ತಲಿಲ್ಲ. ಅಣ್ಣ ಬಂದಿದ್ದನಾ ಎಂದಷ್ಟೇ ಕೇಳಿದ. ಗೇಟಿನಲ್ಲಿ ಮುಖ ಯಾರು ನೋಡುತ್ತಾರೆ ಅಂದಿದ್ದರೆ ಮುಗಿಯುತ್ತಿತ್ತು.

"ಬಂದಿರ್ಲಿಲ್ಲ ಸಾರ್. ಭಾನುವಾರ ಆ ಹಾಡೇ ಇರಲ್ಲ."

ಬರೆದುಕೊಂಡ. ಯಜಮಾನನ ಬ್ಯಾಟರಿ ವಿಷಯವೂ ಹೇಳಿದೆ. ಅದನ್ನು ಬರೆದುಕೊಳ್ಳಲಿಲ್ಲ.

ತಾತನನ್ನು ಬಿಟ್ಟರು. ಅಣ್ಣನನ್ನು ಕರೆದೊಯ್ದರು. ಪರದೆಯ ಮೇಲೆ ಹೀರೋ ಮೀಸೆ ಕಿತ್ತು ನಗುವ ಹೊತ್ತು. ಅಣ್ಣನದು ಕೀಳಲು ಬರುವುದಿಲ್ಲ, ಸ್ವಂತದ್ದು.

ಅಮ್ಮ ಬಾಗಿಲಲ್ಲಿ ನಿಂತಿದ್ದಾಳೆ. ಕೈಯಲ್ಲಿ ಅವನ ಮಡಿಸಿದ ಶರ್ಟು. ಠಾಣೆಗೆ ಹೋಗಿ ನೀನೇ ಕೊಟ್ಟು ಬಾ, ಅವನ ಮುಖ ನೋಡಿ ಕೊಡು ಎನ್ನುತ್ತಾಳೆ. ನಾನು—