ಟ್ರೈಫೀನಾ ಕಟ್ಟಿಕೊಂಡ ಏಪ್ರನ್

೧೯೯೪ ಆಗಸ್ಟ್ ೬, ಶನಿವಾರ.

ಹೊಟ್ಟೆ ಉರಿಯುತ್ತಿದೆ, ಬೇರೆ ಮಾತಿಲ್ಲ. ಕಾಡ್ ಮೀನು ಹಿಡಿಯಬಾರದೆಂದು ಸರ್ಕಾರ ತಡೆ ಹಾಕಿ ಎರಡು ವರ್ಷವಾಯಿತು. ಈಗ ನಮ್ಮೂರಲ್ಲಿ ಮ್ಯೂಸಿಯಂ ತೆರೆದಿದ್ದಾರೆ. 'ನ್ಯೂಫೌಂಡ್‌ಲ್ಯಾಂಡ್ ಕಟ್ಟಿದ ಹೆಂಗಸರು' ಎಂದು ಬೋರ್ಡು. ಕೆಳಗೆ ಗೋಡೆ ತುಂಬ ಟ್ರೈಫೀನಾಳ ಫೋಟೊ! ಮೀನು ಸಾಹುಕಾರನ ಮಗಳು, ಒಂದು ದಿನ ಬಿಳಿ ಏಪ್ರನ್ ಕಟ್ಟಿಕೊಂಡು ಫೋಟೊಕ್ಕೆ ನಿಂತವಳು. ನಾನು ನಾಲ್ಕನೇ ಕ್ಲಾಸಿಗೇ ಶಾಲೆ ಬಿಟ್ಟು ಮೂವತ್ತು ಬೇಸಿಗೆ ಅಟ್ಟಣೆಯ ಮೇಲೆ ಮೀನು ಒಣಗಿಸಿದವಳು.

ಮ್ಯೂಸಿಯಂ ಅಂಗಳದಲ್ಲೂ ಒಂದು ಅಟ್ಟಣೆ ಕಟ್ಟಿ, ಸೀಳಿದ ಮೀನನ್ನು ಮಾಂಸ ಮೇಲಾಗಿ ಹರಡಿದ್ದರು. ಸಂಜೆಯಾಗಿತ್ತು. ಇಬ್ಬನಿ ಬೀಳುವ ಮೊದಲು ಚರ್ಮ ಮೇಲೆ ಮಾಡದಿದ್ದರೆ ಮೀನು ಕೆಟ್ಟಂತೆಯೇ. ಕೈ ತಡೆಯಲಿಲ್ಲ, ಮಗುಚತೊಡಗಿದೆ.

"ಲೇ ಕೆಜಾಯಾ, ಮುಟ್ಟಬೇಡ್ವೇ, ಅವು ಮರದ್ದು!" ಮ್ಯೂಸಿಯಂ ನೋಡಲು ಬಂದಿದ್ದ ಟ್ರೈಫೀನಾ ಎಲ್ಲರೆದುರು ನಕ್ಕಳು. "ಇನ್ನೂ ನಮ್ಮಪ್ಪನ ಕೂಲಿಯವಳು ಅನ್ಕೊಂಡಿದೀಯಾ?"

"ನಿಂಗೇನೇ ಗೊತ್ತು, ಒಂದಿನದ ರಾಣಿ!" ಅಂದೆ.

ಮಗುಚಿದರೆ ಚರ್ಮವೇ ಇಲ್ಲ, ಬರೀ ಹಲಗೆ. ಬಣ್ಣ ಬಳಿದಿದ್ದು ಮೇಲ್ಮುಖಕ್ಕೆ ಮಾತ್ರ. ಆದರೂ ಅಷ್ಟನ್ನೂ ಮಗುಚಿಟ್ಟೇ ಬಂದೆ.

ಏನು ಬಂತು? ಗೋಡೆಯ ಮೇಲೆ ಅವಳೇ ಇದ್ದಾಳೆ. ಅಂದು ಫೋಟೊಕ್ಕೆಂದು ನನ್ನ ಭಾನುವಾರದ ಏಪ್ರನ್ ಇಸಿದುಕೊಂಡು ಹೋಗಿದ್ದಳು. ಇನ್ನೂ ವಾಪಸು ಕೊಟ್ಟಿಲ್ಲ.