ರುಮಾಲು ಸುತ್ತಿಕೊಂಡ ಗೌಡರಿಗೆ

ಮುಗಳಖೋಡ
ಸೋಮವಾರ, 22-2-1988

ಗೌಡರಿಗೆ ನಮಸ್ಕಾರ,

ನಿಮ್ಮ ಹೆಂಡತಿ ಕಸ್ತೂರೆವ್ವ ಬರೆಯುವುದು. ಇಷ್ಟು ವರ್ಷ ನಿಮ್ಮ ಕಾಲಿಗೆರಗಿದವಳು ಇವತ್ತು ಬರೀ ನಮಸ್ಕಾರ ಎಂದಷ್ಟೇ ಬರೆದಿದ್ದೇನೆ. ಕೈ ಅದಕ್ಕಿಂತ ಕೆಳಗೆ ಇಳಿಯಲಿಲ್ಲ. ಇಲ್ಲಿ ಅಣ್ಣ, ವೈನಿ, ಮಕ್ಕಳು ಎಲ್ಲರೂ ಆರಾಮ ಇದ್ದಾರೆ. ನಾನು ಆರಾಮ ಇಲ್ಲ.

ಅಂಗಡಿಯ ಜಿನ್ನಪ್ಪ ಬಂದು ನೀವು ಹೇಳಿ ಕಳಿಸಿದ್ದನ್ನೆಲ್ಲ ಒಪ್ಪಿಸಿದ. ಹೋಳಿ ಹುಣ್ಣಿಮೆ ಹತ್ತಿರ ಬಂತು, ಕಾಮಣ್ಣನಿಗೆ ಮೊದಲ ಬೆಂಕಿ ಇಡುವ ಮಾನ ನಮ್ಮ ಮನೆಯದು, ಪಕ್ಕದಲ್ಲಿ ಗೌಡತಿ ಆರತಿ ಹಿಡಿದು ನಿಲ್ಲದಿದ್ದರೆ ಆ ಮಾನ ದಾಯಾದಿ ಧರೆಪ್ಪನ ಮನೆಗೆ ಹೋಗುತ್ತದೆ, ಅದಕ್ಕೇ ಹುಣ್ಣಿಮೆಯ ಒಳಗೆ ಬಂದುಬಿಡಬೇಕಂತೆ. ಅಯ್ಯ ನನ್ನ ದೊರೆಯೇ! ಹೆಂಡತಿ ಮನೆ ಬಿಟ್ಟು ಬಂದದ್ದು ನಿಮಗೆ ಆರತಿ ತಟ್ಟೆ ಖಾಲಿ ಬಿದ್ದಾಗ ನೆನಪಾಯಿತೇನು? ನಿನ್ನನ್ನು ನೋಡದೆ ಜೀವ ನಿಲ್ಲುತ್ತಿಲ್ಲ ಎಂದು ಒಂದು ಸುಳ್ಳನ್ನಾದರೂ ಜಿನ್ನಪ್ಪನ ಬಾಯಲ್ಲಿ ಹಾಕಿ ಕಳಿಸಬಾರದಿತ್ತೇ?

ನಿಮ್ಮ ಗೌಡಕಿ ಎಂಥದು ಎಂದು ನನಗೂ ಗೊತ್ತು. ಮಾವನವರ ಕಾಲಕ್ಕೆ ಅದು ಸರ್ಕಾರದ ಹುದ್ದೆ. ಕಳ್ಳರನ್ನು ಹಿಡಿಯುತ್ತಿದ್ದರು, ಚಾವಡಿಯಲ್ಲಿ ಕೂಡಿಸುತ್ತಿದ್ದರು, ಕಾಗದ ಬರೆದು ಠಾಣೆಗೆ ಒಪ್ಪಿಸುತ್ತಿದ್ದರು. ನಾನು ಆ ಮನೆಯ ಹೊಸ್ತಿಲು ತುಳಿಯುವ ಹೊತ್ತಿಗೆ ಸರ್ಕಾರ ಅದನ್ನು ಕಿತ್ತುಕೊಂಡಾಗಿತ್ತು. "ಗೌಡಕಿ ಹೋತು, ರುಮಾಲ ಉಳೀತು" ಎಂದು ಮಾವನವರು ನಗುತ್ತಿದ್ದರು. ಅವರಿಗೆ ಅದು ಗೊತ್ತಿತ್ತು, ಆದರೆ ಊರಿಗೆ ಇವತ್ತಿಗೂ ಗೊತ್ತಿಲ್ಲ. ಇವತ್ತಿಗೂ ಯಾರಾದರೂ ಅಪಮೃತ್ಯುವಿನಿಂದ ಸತ್ತರೆ ಪೊಲೀಸರ ಬಳಿಗೆ ಹೋಗುವುದಿಲ್ಲ, ವಾಡೆಯ ಬಾಗಿಲಿಗೆ ಬರುತ್ತಾರೆ. ಗೌಡರು ರುಮಾಲು ಸುತ್ತಿಕೊಂಡು ಬಂದು ನೋಡುವ ತನಕ ಹೆಣ ಮುಟ್ಟುವುದಿಲ್ಲ. ಗೌಡರು ಆಡಿದ ಮಾತೇ ಕೊನೆ.

ಆ ನಂಬಿಕೆಯಿಂದಲೇ ದ್ರೌಪದಿ ಬಂದಳು. ಎಳ್ಳ ಅಮಾವಾಸ್ಯೆ ಮುಗಿದ ಮೇಲಿನ ಭಾನುವಾರ, ಬಿಸಿಲೇರುವ ಹೊತ್ತು. ಕೆಳಗಿನ ಕೇರಿಯಿಂದ ಎದೆ ಬಡಿದುಕೊಳ್ಳುತ್ತ ಬಂದು ಅಂಗಳದಲ್ಲಿ ಬಿದ್ದಳು. "ಗೌಡ್ರ, ನನ್ನ ಮಗ ನಿಮ್ಮ ಕಬ್ಬಿನ ಬದುವಿನ್ಯಾಗ ಬಿದ್ದಾನ್ರಿ, ಮಾತಾಡವಲ್ಲ, ಲಗೂನ ಬರ್ರಿ" ಎಂದು ಕೂಗಿದಳು. ಅವಳ ಒಬ್ಬನೇ ಮಗ ಜ್ಞಾನದೇವ. ಚಿಕ್ಕೋಡಿಯಲ್ಲಿ ಗುಮಾಸ್ತನ ನೌಕರಿ ಸಿಕ್ಕಿತೆಂದು ದೀಪಾವಳಿಗೆ ಪೇಢೆ ತಂದಿದ್ದನಲ್ಲ, ಕಟ್ಟೆಯ ಮೇಲಿಟ್ಟು ಹೋಗು ಎಂದಿರಲ್ಲ, ಅವನೇ. ರಜೆಗೆ ಬಂದವನು, ತಪ್ಪಿಸಿಕೊಂಡ ಆಡಿನ ಬೆನ್ನು ಹತ್ತಿ ಹೋಗಿದ್ದ.

ನೀವು ಒಳಗೆ ಬಂದು ರುಮಾಲು ತೆಗೆದಿರಿ. ನಾನು ಸೆರಗಿನ ತುದಿ ಹಿಡಿದಂತೆ ಆ ಬಟ್ಟೆಯ ತುದಿ ಹಿಡಿದು ನಿಂತೆ. ನೀವು ಸುತ್ತಿದಿರಿ, ಸರಿಯಾಗಲಿಲ್ಲ ಎಂದು ಬಿಚ್ಚಿದಿರಿ. ಮತ್ತೆ ಸುತ್ತಿದಿರಿ, ಮತ್ತೆ ಬಿಚ್ಚಿದಿರಿ. ಪಾಪ, ಆ ಹುಡುಗನಿಗಾಗಿ ಎಷ್ಟು ಮರುಗುತ್ತಿದ್ದಾರೆ ಎಂದುಕೊಂಡೆ ನಾನು, ಹುಚ್ಚಿ. ಹೊರಗೆ ಆ ತಾಯಿ ನೆಲ ಕೆರೆಯುತ್ತಿದ್ದಳು.

ಕೊನೆಗೂ ಹೋದಿರಿ. ನೋಡಿದಿರಿ. "ಕಬ್ಬ ಕದಿಯಾಕ ಹೊಕ್ಕಾನ, ಹಾವ ಕಡದೈತಿ, ಮುಗಿಸಿಬಿಡ್ರಿ" ಎಂದಿರಿ.

ಆಮೇಲೆ ನಾನು ಎಮ್ಮೆಗೆ ಮೇವು ಹಾಕಲು ದನದ ಕೊಟ್ಟಿಗೆಗೆ ಹೋದೆ. ಅಲ್ಲಿ ಹಸಿ ಮಣ್ಣು ಮೆತ್ತಿದ ತಂತಿಯ ಸುರುಳಿ ಬಿದ್ದಿತ್ತು. ಆಳು ಹಾಲಸಿದ್ದನನ್ನು ನಿಲ್ಲಿಸಿ ಕೇಳಿದೆ. ನಿನ್ನ ಮಕ್ಕಳ ಆಣೆ ಎಂದೆ, ಅಳುತ್ತ ಎಲ್ಲ ಹೇಳಿದ. ಹಂದಿ ಬರುತ್ತವೆಂದು ಕಬ್ಬಿನ ಸುತ್ತ ತಂತಿ ಎಳೆದು ಪಂಪಿನ ಕರೆಂಟು ಕೊಟ್ಟವರು ನೀವು. ಬೆಳಗಾದ ಮೇಲೆ ತೆಗೆಯಲು ಮರೆತವರೂ ನೀವು. ಅವನನ್ನು ಹೊಲಕ್ಕೆ ಕಳಿಸಿ, ಅವನು ಆ ತಂತಿ ಸುತ್ತಿ ತರುವ ತನಕ ತಲೆಗೆ ರುಮಾಲು ಸುತ್ತುತ್ತ ನಿಂತವರೂ ನೀವೇ.

ಮರೆವು ಯಾರಿಗಿಲ್ಲ? ಅವತ್ತೇ ದ್ರೌಪದಿಯ ಮುಂದೆ ನಿಂತು "ತಪ್ಪಾತವಾ" ಎಂದಿದ್ದರೆ ನಾನು ನಿಮ್ಮ ಜೊತೆ ಜೇಲಿನ ಬಾಗಿಲ ತನಕ ಬರುತ್ತಿದ್ದೆ, ದಿನಾ ಬುತ್ತಿ ಕಟ್ಟಿ ತರುತ್ತಿದ್ದೆ. ಬೇಲಿಯೇ ಎದ್ದು ಹೊಲ ಮೇಯ್ದರೆ ಯಾರಿಗೆ ಹೇಳುವುದು? ಕೊಂದದ್ದಲ್ಲದೆ, ಸತ್ತವನಿಗೆ ಕಳ್ಳನೆಂಬ ಹೆಸರನ್ನೂ ಹೊರಿಸಿದಿರಿ.

ಮರುವಾರ ದ್ರೌಪದಿ ಹಿತ್ತಲ ಬಾಗಿಲಿಗೆ ಬಂದಳು. ತನ್ನ ಅಂಗೈ ತೋರಿಸಿ, "ಹಾವ ಕಡದ್ರ ಇಲ್ಲಿ ಕರಕ ಆಗತೈತೇನ್ರಿ ಅವ್ವಾರ? ಸುಟ್ಟ ರೊಟ್ಟಿಗತೆ ಆಗಿತ್ತ್ರಿ ಅವನ ಕೈ" ಎಂದು ಕೇಳಿದಳು. ಅವಳು ನಿಮ್ಮ ಜೀವ ಕೇಳಲಿಲ್ಲ, ಹೊಲ ಕೇಳಲಿಲ್ಲ. "ನನ್ನ ಮಗ ಕಳ್ಳಲ್ಲ ಅಂತ ಊರ ಮುಂದ ಒಂದ ಮಾತ ಅನಸ್ರಿ, ಸಾಕು" ಎಂದಳು. ಅದನ್ನೇ ನಿಮ್ಮ ಬಳಿ ತಂದೆ. ನಿಮಗೆ ನೆನಪಿರಬೇಕು, ಆ ಒಂದು ಮಾತಿಗಾಗಿ ನನ್ನ ಕೆನ್ನೆಗೆ ಹೊಡೆದಿರಿ. ಅವತ್ತೇ ಸಂಜೆಯ ಬಸ್ಸಿಗೆ ನಾನು ತವರಿಗೆ ಬಂದೆ.

ಅಣ್ಣನೂ ಬೈಯುತ್ತಾನೆ. ಗಂಡನ ಮಾನ ಬೀದಿಗೆ ತರಬಾರದು, ಹೆಣ್ಣಾದವಳು ನುಂಗಿಕೊಳ್ಳಬೇಕು ಎನ್ನುತ್ತಾನೆ. ಎಷ್ಟು ನುಂಗಲಿ? ರೊಟ್ಟಿ ತಟ್ಟಲು ಕೂತರೆ ಹೆಂಚಿನ ಮೇಲೆ ನನಗೆ ಆ ಹುಡುಗನ ಕೈ ಕಾಣುತ್ತದೆ.

ಈಗ ಕೇಳಿ. ಆರತಿಗೆ ನಾನು ಬರುವುದಿಲ್ಲ. ಮಾನ ಧರೆಪ್ಪನ ಮನೆಗೆ ಹೋದರೆ ಹೋಗಲಿ, ಪೀಡೆ ತೊಲಗಿತು. ನೀವಾಗಿಯೇ ಠಾಣೆಗೆ ಹೋಗಿ ನಡೆದದ್ದನ್ನು ನಡೆದ ಹಾಗೆ ಹೇಳಿ. ರುಮಾಲು ಬಿಚ್ಚಿಟ್ಟು ಹೋಗಿ. ನೀವಾಗಿ ಹೋದಿರಿ ಎಂದು ಗೊತ್ತಾದರೆ ನಾನು ಬರುತ್ತೇನೆ, ಸತ್ಯವಾಗಿಯೂ ಬರುತ್ತೇನೆ. ಇಷ್ಟೆಲ್ಲ ಆದ ಮೇಲೂ ನಿಮ್ಮ ಬಿ.ಪಿ. ಗುಳಿಗೆ ಯಾರು ಕೊಡುತ್ತಾರೋ ಎಂದು ಚಿಂತೆ ಹಚ್ಚಿಕೊಂಡು ಕೂತಿದ್ದೇನೆ, ನನ್ನ ಕರ್ಮ.

ಇನ್ನೂ ನಿಮ್ಮವಳೇ ಆದ,
ಕಸ್ತೂರೆವ್ವ

ತಾ.ಕ.: ನಾನು ಮನೆ ಬಿಡುವಾಗ ನೀವು, "ಸುಟ್ಟ ಬೂದಿ ಆದ ಮ್ಯಾಲ ಯಾವ ಪೊಲೀಸ ಬಂದ ಏನ್ ಹುಡಕ್ಯಾನ?" ಎಂದಿರಿ. ಆ ಕೇರಿಯ ಮಸಣಕ್ಕೆ ನೀವು ಕಾಲಿಡುವವರಲ್ಲ, ಅದಕ್ಕೇ ನಿಮಗೆ ತಿಳಿದಿಲ್ಲ. ಮದುವೆಯಾಗದ ಮಗನನ್ನು ಅವರು ಸುಡುವುದಿಲ್ಲ, ಹೂಳುತ್ತಾರೆ. ಹೋದ ವಾರ ನಾನೂ ದ್ರೌಪದಿಯೂ ಹಾಲಸಿದ್ದನೂ ಚಿಕ್ಕೋಡಿಗೆ ಹೋಗಿ ದೂರಿಗೆ ಸಹಿ ಹಾಕಿ ಬಂದೆವು. ಗುರುವಾರ ತಹಶೀಲ್ದಾರರು ಡಾಕ್ಟರರನ್ನು ಕರೆದುಕೊಂಡು ಅಗೆಸಲು ಬರುತ್ತಾರೆ. ಅವರಿಗಿಂತ ಮೊದಲು ಠಾಣೆಗೆ ಹೋಗಿ.